ರಾಜ್ಯದ ಗಡಿ ದಾಟದ ಮದ್ದು

ಅಮೆರಿಕದ 40 ರಾಜ್ಯಗಳಲ್ಲಿ ಗಾಂಜಾ ಈಗ ಔಷಧ. ಯಾವ ಕಾಯಿಲೆಗೆ, ಯಾರ ಸಹಿಯ ಮೇಲೆ, ಎಷ್ಟು ಎಂಬುದು ಮಾತ್ರ ಒಂದೊಂದು ರಾಜ್ಯದಲ್ಲಿ ಒಂದೊಂದು ಥರ. ವೀಸಾದ ಮೇಲೆ ಅಲ್ಲಿರುವ ಕನ್ನಡಿಗರಿಗೆ ಇದರ ಜೊತೆಗೆ ಬೇರೆಯದೇ ಒಂದು ತೊಡಕಿದೆ.

ಅಮೆರಿಕದ ಯಾವ ಡಾಕ್ಟರೂ ಗಾಂಜಾ ಹೂವಿಗೆ ಮೆಡಿಕಲ್ ಶಾಪಿನಲ್ಲಿ ನಡೆಯುವಂಥ ಚೀಟಿ ಬರೆದುಕೊಡುವುದಿಲ್ಲ. ರಾಜ್ಯಗಳು ಅದನ್ನು ಔಷಧವೆಂದು ಒಪ್ಪತೊಡಗಿ ಮೂವತ್ತು ವರ್ಷವಾಗುತ್ತ ಬಂದರೂ ಪರಿಸ್ಥಿತಿ ಹೀಗೇ ಇದೆ.

ಫ್ಲಾರಿಡಾ ರಾಜ್ಯವನ್ನೇ ತೆಗೆದುಕೊಳ್ಳಿ. ಕೀಮೋಥೆರಪಿಯ ವಾಂತಿ ತಾಳಲಾರದ ಕ್ಯಾನ್ಸರ್ ರೋಗಿಯೊಬ್ಬರು ಗಾಂಜಾ ಬೇಕೆಂದು ಡಾಕ್ಟರ ಬಳಿ ಹೋಗುತ್ತಾರೆ ಎಂದುಕೊಳ್ಳೋಣ. ಎಲ್ಲ ಡಾಕ್ಟರರೂ ಆಗುವುದಿಲ್ಲ, ಇದಕ್ಕಾಗಿಯೇ ಇರುವ ಎರಡು ಗಂಟೆಯ ತರಬೇತಿ ಮುಗಿಸಿ ಪರೀಕ್ಷೆ ಪಾಸಾದವರೇ ಆಗಬೇಕು. ಮೊದಲ ಸಲ ಎದುರಿಗೇ ಕೂರಿಸಿ ತಪಾಸಣೆ ಮಾಡಬೇಕು. ಈ ರೋಗಿಗೆ ಗಾಂಜಾದಿಂದ ಆಗುವ ಉಪಕಾರ ಅಪಾಯಕ್ಕಿಂತ ಹೆಚ್ಚು ಎಂದು ಅನ್ನಿಸಿದರೆ ಡಾಕ್ಟರು ಅದನ್ನು ರಾಜ್ಯದ ದಾಖಲೆಯಲ್ಲಿ ನಮೂದಿಸುತ್ತಾರೆ. ಆಮೇಲೆ ರೋಗಿ ತಾನು ಆ ರಾಜ್ಯದವನೇ ಎಂಬುದಕ್ಕೆ ಪುರಾವೆ ಒದಗಿಸಿ, 75 ಡಾಲರ್ ಕಟ್ಟಿ ಕಾರ್ಡು ಮಾಡಿಸಬೇಕು. ಕಾರ್ಡಿಗೆ ವರ್ಷವರ್ಷವೂ ನವೀಕರಣ. ಡಾಕ್ಟರ ಒಪ್ಪಿಗೆಯ ಅವಧಿ ಇನ್ನೂ ಕಡಿಮೆ, ಹೆಚ್ಚೆಂದರೆ 210 ದಿನ. ಹದಿನೆಂಟು ತುಂಬದ ಮಕ್ಕಳಾದರೆ ಎರಡನೆಯ ಡಾಕ್ಟರೂ ಒಪ್ಪಬೇಕು, ಮಗುವಿನ ಪರವಾಗಿ ಮದ್ದು ತರುವ ದೊಡ್ಡವರು ತಮ್ಮ ಹೆಸರನ್ನೂ ನೋಂದಾಯಿಸಿಕೊಳ್ಳಬೇಕು.

ಇಷ್ಟಾದ ಮೇಲೆ ಹೋಗಬೇಕಾದ್ದು ರಾಜ್ಯ ಲೈಸೆನ್ಸ್ ಕೊಟ್ಟ ಡಿಸ್ಪೆನ್ಸರಿಗೆ. ಬಾಗಿಲಲ್ಲೇ ಕಾರ್ಡು ನೋಡುತ್ತಾರೆ. ಒಳಗೆ ಕೌಂಟರಿನಲ್ಲಿ ಬಹುತೇಕ ಇರುವವರು ‘ಬಡ್‌ಟೆಂಡರ್’ ಎಂದು ಕರೆಸಿಕೊಳ್ಳುವ ಅಂಗಡಿಯ ಹುಡುಗ ಹುಡುಗಿಯರು. ಯಾವ ನೋವಿಗೆ ಯಾವ ತಳಿ, ಎಣ್ಣೆಯೋ ಗಮ್ಮಿ ಮಿಠಾಯಿಯೋ ಎಂಬ ಸಲಹೆ ಹೆಚ್ಚಾಗಿ ಅವರದೇ. ಸೇದುವ ಹೂವಾದರೆ 35 ದಿನಕ್ಕೆ ಎರಡೂವರೆ ಔನ್ಸ್, ಅಂದರೆ ಸುಮಾರು 70 ಗ್ರಾಂ. ಒಯ್ದಷ್ಟೂ ದಾಖಲೆಯಲ್ಲಿ ಕಳೆಯುತ್ತ ಬರುತ್ತದೆ, ನಮ್ಮ ನ್ಯಾಯಬೆಲೆ ಅಂಗಡಿಯ ಪಡಿತರದ ಹಾಗೆ. ಆರೋಗ್ಯ ವಿಮೆಯವರು ಈ ಖರ್ಚು ಭರಿಸುವುದಿಲ್ಲ. ಕ್ರೆಡಿಟ್ ಕಾರ್ಡ್ ಕಂಪನಿಗಳು ಈ ವ್ಯಾಪಾರದಿಂದ ದೂರ ಇರುವುದರಿಂದ ಅನೇಕ ಅಂಗಡಿಗಳಲ್ಲಿ ನಗದನ್ನೇ ಎಣಿಸಬೇಕು. ಮನೆಯ ಹಿತ್ತಿಲಲ್ಲಿ ಒಂದು ಗಿಡ ಬೆಳೆದುಕೊಳ್ಳುತ್ತೇನೆ ಎಂದರೆ, ಕಾರ್ಡು ಇದ್ದರೂ ಫ್ಲಾರಿಡಾದಲ್ಲಿ ಅದು ಅಪರಾಧ.

ಇಷ್ಟೆಲ್ಲ ಸುತ್ತು ಬಳಸಿನ ದಾರಿಗೆ ಕಾರಣ 1970ರ ನಿಯಂತ್ರಿತ ವಸ್ತುಗಳ ಕಾಯ್ದೆ. ಆ ಕಾನೂನು ಗಾಂಜಾವನ್ನು ಹೆರಾಯಿನ್ ಜೊತೆಗೆ ಮೊದಲನೆಯ ಪಟ್ಟಿಯಲ್ಲಿ ಕೂರಿಸಿತು. ಮೊದಲನೆಯ ಪಟ್ಟಿ ಎಂದರೆ ಚಟ ಹತ್ತಿಸುವ ಸಂಭವ ಹೆಚ್ಚು, ಒಪ್ಪಿತ ವೈದ್ಯಕೀಯ ಉಪಯೋಗ ಇಲ್ಲ ಎಂದರ್ಥ. ಅಮಲಿನ ಔಷಧಗಳಿಗೆ ಚೀಟಿ ಬರೆಯುವ ಅಧಿಕಾರ ಡಾಕ್ಟರರಿಗೆ ಬರುವುದು ಕೇಂದ್ರದ ಮಾದಕವಸ್ತು ನಿಯಂತ್ರಣ ಸಂಸ್ಥೆಯ ನೋಂದಣಿಯಿಂದ. ಮೊದಲನೆಯ ಪಟ್ಟಿಯ ವಸ್ತುವಿಗೆ ಚೀಟಿ ಬರೆದರೆ ಆ ನೋಂದಣಿಗೇ ಕುತ್ತು. ಹಾಗಾಗಿ ರಾಜ್ಯಗಳು ಚೀಟಿಯ ತಂಟೆಗೆ ಹೋಗದೆ ಡಾಕ್ಟರ ಶಿಫಾರಸು, ರಾಜ್ಯದ ಕಾರ್ಡು, ರಾಜ್ಯದ ಅಂಗಡಿ ಎಂಬ ಪಕ್ಕದ ದಾರಿಯೊಂದನ್ನು ಕಡಿದುಕೊಂಡವು.

ಈ ಗಿಡವನ್ನು ಪಾಶ್ಚಾತ್ಯ ವೈದ್ಯರಿಗೆ ಮದ್ದಾಗಿ ಪರಿಚಯಿಸಿದ್ದು ಭಾರತದಲ್ಲಿದ್ದ ಒಬ್ಬ ಡಾಕ್ಟರು. ಕಲ್ಕತ್ತಾದ ಮೆಡಿಕಲ್ ಕಾಲೇಜಿನಲ್ಲಿದ್ದ ವಿಲಿಯಂ ಓಷಾನೆಸಿ 1839ರಲ್ಲಿ ಗಾಂಜಾದ ಪ್ರಯೋಗಗಳ ಬಗ್ಗೆ ಬರೆದರು. ಅಮೆರಿಕದ ಔಷಧಕೋಶದಲ್ಲಿ ಅದು 1850ರಿಂದ 1942ರವರೆಗೂ ಇತ್ತು. ನಡುವೆ 1937ರ ತೆರಿಗೆ ಕಾನೂನು ಅದರ ಕುತ್ತಿಗೆ ಹಿಸುಕಿತ್ತು.

ಬ್ರೌನಿ ಅಜ್ಜಿಯ ವಾರ್ಡಿನಿಂದ

ಈಗಿನ ಕಥೆ ಶುರುವಾಗುವುದು ಏಡ್ಸ್ ಕಾಲದ ಸ್ಯಾನ್‌ಫ್ರಾನ್ಸಿಸ್ಕೊದಲ್ಲಿ. ಹಸಿವೇ ಸತ್ತು, ಉಂಡದ್ದು ಹೊಟ್ಟೆಯಲ್ಲಿ ನಿಲ್ಲದೆ, ಜನ ಕಣ್ಣೆದುರೇ ಸೊರಗಿ ಸಾಯುತ್ತಿದ್ದ ಕಾಲ ಅದು. ನಗರದ ಜನರಲ್ ಆಸ್ಪತ್ರೆಯಲ್ಲಿ ಸ್ವಯಂಸೇವಕಿಯಾಗಿದ್ದ ಮೇರಿ ಜೇನ್ ರಾತ್‌ಬನ್ ಎಂಬ ಮುದುಕಿ ಗಾಂಜಾ ಬೆರೆಸಿದ ಬ್ರೌನಿ ಕೇಕು ಬೇಯಿಸಿ ಏಡ್ಸ್ ರೋಗಿಗಳಿಗೆ ಹಂಚುತ್ತಿದ್ದರು. ಊರಿಗೆಲ್ಲ ಅವರು ‘ಬ್ರೌನಿ ಮೇರಿ’. ಪೊಲೀಸರು ಮೂರು ಸಲ ಹಿಡಿದರು. ಒಂದೊಂದು ಬಂಧನವೂ ಪೊಲೀಸರಿಗೆ ಕೆಟ್ಟ ಹೆಸರನ್ನೂ ಅಜ್ಜಿಗೆ ಒಳ್ಳೆಯ ಹೆಸರನ್ನೂ ತಂದಿತು. ಅವರ ಗೆಳೆಯ ಡೆನಿಸ್ ಪೆರಾನ್ ತನ್ನ ಸಂಗಾತಿಯನ್ನು ಏಡ್ಸ್‌ಗೆ ಕಳೆದುಕೊಂಡವರು, ರೋಗಿಗಳಿಗೆ ಗಾಂಜಾ ಸಿಗುವ ಕ್ಲಬ್ ಒಂದನ್ನು ಬಹಿರಂಗವಾಗಿ ನಡೆಸಿದವರು. ಇವರೆಲ್ಲ ಸೇರಿ ಜನರ ಮುಂದಿಟ್ಟ ಪ್ರಸ್ತಾವ 215, 1996ರ ನವೆಂಬರ್ 5ರಂದು ಶೇ 55ಕ್ಕೂ ಹೆಚ್ಚು ಮತ ಪಡೆದು ಕ್ಯಾಲಿಫೋರ್ನಿಯಾದ ಕಾನೂನಾಯಿತು.

ಆ ಕಾನೂನು ಕ್ಯಾನ್ಸರ್, ಏಡ್ಸ್, ಗ್ಲಾಕೋಮಾ, ಸಂಧಿವಾತ, ಮೈಗ್ರೇನ್ ಎಂದು ಹೆಸರಿಸುತ್ತ ಹೋಗಿ, ಕೊನೆಗೆ ಗಾಂಜಾದಿಂದ ಉಪಶಮನ ಸಿಗುವ ಬೇರೆ ಯಾವುದೇ ಕಾಯಿಲೆ ಎಂದು ಸೇರಿಸಿ ಬಾಗಿಲನ್ನು ಪೂರ್ತಿ ತೆರೆದಿಟ್ಟಿತು. ಕೇಂದ್ರ ಸರ್ಕಾರ ಸುಮ್ಮನಿರಲಿಲ್ಲ. ಶಿಫಾರಸು ಮಾಡಿದ ಡಾಕ್ಟರರ ನೋಂದಣಿ ಕಿತ್ತುಕೊಳ್ಳುತ್ತೇವೆ ಎಂದು ಹೆದರಿಸಿತು. ಮಾರ್ಕಸ್ ಕೊನಾಂಟ್ ಎಂಬ ಏಡ್ಸ್ ತಜ್ಞರೂ ಅವರ ಜೊತೆಗಾರರೂ ನ್ಯಾಯಾಲಯಕ್ಕೆ ಹೋದರು. ಗಾಂಜಾ ನಿಮಗೆ ಉಪಯೋಗವಾದೀತು ಎಂದು ರೋಗಿಗೆ ಹೇಳುವುದು ಡಾಕ್ಟರ ವಾಕ್‌ಸ್ವಾತಂತ್ರ್ಯ, ಅದಕ್ಕಾಗಿ ಅವರನ್ನು ದಂಡಿಸುವಂತಿಲ್ಲ ಎಂದು ಮೇಲ್ಮನವಿ ನ್ಯಾಯಾಲಯ 2002ರಲ್ಲಿ ತೀರ್ಪು ಕೊಟ್ಟಿತು. ಇವತ್ತಿನ ಅಷ್ಟೂ ಕಾರ್ಡುಗಳು ನಿಂತಿರುವುದು ಈ ತೀರ್ಪಿನ ಮೇಲೆ. ಡಾಕ್ಟರು ಹೇಳಬಹುದು, ತಂದುಕೊಡುವಂತಿಲ್ಲ.

ರೋಗಿಗೆ ಮಾತ್ರ ಅಂಥ ರಕ್ಷಣೆ ಸಿಗಲಿಲ್ಲ. ಕ್ಯಾಲಿಫೋರ್ನಿಯಾದ ಡಯಾನ್ ಮಾನ್ಸನ್ ಎಂಬ ರೋಗಿ ರಾಜ್ಯದ ಕಾನೂನಿನಂತೆ ಬೆಳೆದುಕೊಂಡಿದ್ದ ಆರು ಗಿಡಗಳನ್ನು 2002ರಲ್ಲಿ ಕೇಂದ್ರದ ಅಧಿಕಾರಿಗಳು ಕಿತ್ತು ನಾಶಮಾಡಿದರು. ಅವರೂ ಏಂಜೆಲ್ ರೇಯ್ಚ್ ಎಂಬ ಇನ್ನೊಬ್ಬ ರೋಗಿಯೂ ಹೂಡಿದ ಮೊಕದ್ದಮೆ ಸುಪ್ರೀಂ ಕೋರ್ಟ್ ತನಕ ಹೋಯಿತು. 2005ರಲ್ಲಿ ಆರು ನ್ಯಾಯಮೂರ್ತಿಗಳು ಕೇಂದ್ರದ ಪರ, ಮೂವರು ರೋಗಿಗಳ ಪರ. ಸ್ವಂತ ಹಿತ್ತಿಲಲ್ಲಿ ಸ್ವಂತ ಕಾಯಿಲೆಗೆ ಬೆಳೆದ ಗಿಡದ ಮೇಲೂ ಕೇಂದ್ರದ ಕಾನೂನೇ ಮೇಲು ಎಂದಾಯಿತು. ಮತ್ತೆ 2014ರ ಕೊನೆಯಲ್ಲಿ ಅಮೆರಿಕದ ಸಂಸತ್ತು ಬಜೆಟ್ಟಿನಲ್ಲಿ ಒಂದು ಷರತ್ತು ತೂರಿಸಿತು: ರಾಜ್ಯಗಳ ವೈದ್ಯಕೀಯ ಗಾಂಜಾ ಕಾನೂನುಗಳಿಗೆ ಅಡ್ಡಬರಲು ನ್ಯಾಯ ಇಲಾಖೆ ದುಡ್ಡು ಖರ್ಚು ಮಾಡುವಂತಿಲ್ಲ. ಅಪರಾಧ ಅಪರಾಧವಾಗಿಯೇ ಉಳಿಯಿತು, ಹಿಡಿಯುವವರ ಕೈ ಕಟ್ಟಿದ್ದಾಯಿತು ಅಷ್ಟೆ.

ಕಾಯಿಲೆಗಳ ಪಟ್ಟಿಯನ್ನು ಯಾರು ಬರೆದರು?

ಹೆಚ್ಚಿನ ರಾಜ್ಯಗಳು ಅರ್ಹ ಕಾಯಿಲೆಗಳದೊಂದು ಪಟ್ಟಿ ಇಟ್ಟುಕೊಂಡಿವೆ. ಕ್ಯಾನ್ಸರ್, ಮೂರ್ಛೆರೋಗ, ಏಡ್ಸ್, ಮಲ್ಟಿಪಲ್ ಸ್ಕ್ಲೆರೋಸಿಸ್, ಕ್ರೋನ್ಸ್, ಪಾರ್ಕಿನ್ಸನ್ಸ್, ಆಘಾತದ ನಂತರ ಕಾಡುವ ಮಾನಸಿಕ ಒತ್ತಡ, ಇವು ಪಟ್ಟಿ ಇರುವ ಹೆಚ್ಚಿನ ಕಡೆ ಇವೆ. ಪೆನ್ಸಿಲ್ವೇನಿಯಾ 2019ರಲ್ಲಿ ಆತಂಕದ ಕಾಯಿಲೆಯನ್ನು ಸೇರಿಸಿತು. ಗಡಿಯಾಚೆ ಅದೇ ಕಾಯಿಲೆ ಪಟ್ಟಿಯಲ್ಲಿ ಇಲ್ಲದಿರಬಹುದು. ಮನುಷ್ಯನ ನೋವು ಊರು ಬದಲಿಸಿದ ಮಾತ್ರಕ್ಕೆ ಬದಲಾಗುವುದಿಲ್ಲವಲ್ಲ!

ಪಟ್ಟಿ ಹೇಗೆ ಬೆಳೆಯಿತೆಂದು ನೋಡಿದರೆ ಅದರಲ್ಲಿ ವೈದ್ಯಶಾಸ್ತ್ರಕ್ಕಿಂತ ಹೋರಾಟದ ಗುರುತೇ ಹೆಚ್ಚು. ಗ್ಲಾಕೋಮಾ ಇದಕ್ಕೆ ತಕ್ಕ ಸಾಕ್ಷಿ. ವಾಷಿಂಗ್ಟನ್ ನಗರದ ರಾಬರ್ಟ್ ರಾಂಡಾಲ್ ಎಂಬ ಗ್ಲಾಕೋಮಾ ರೋಗಿ ಗಾಂಜಾ ಸೇದಿದರೆ ಕಣ್ಣಿನ ಒತ್ತಡ ಇಳಿಯುತ್ತದೆಂದು ತಾನೇ ಕಂಡುಕೊಂಡು, ಗಿಡ ಬೆಳೆದು, ಸಿಕ್ಕಿಬಿದ್ದು, 1976ರಲ್ಲಿ ನ್ಯಾಯಾಲಯದಲ್ಲಿ ಗೆದ್ದರು. ಅದರ ಫಲವಾಗಿ ಕೇಂದ್ರ ಸರ್ಕಾರವೇ 1978ರಲ್ಲಿ ಬೆರಳೆಣಿಕೆಯ ರೋಗಿಗಳಿಗೆ ಗಾಂಜಾ ಒದಗಿಸುವ ಯೋಜನೆ ತೆರೆಯಿತು. ಮಿಸಿಸಿಪ್ಪಿ ವಿಶ್ವವಿದ್ಯಾಲಯದ ಹೊಲದಲ್ಲಿ ಸರ್ಕಾರಿ ಬೆಳೆ, ಸುತ್ತಿದ ಸಿಗರೇಟುಗಳು ತಗಡಿನ ಡಬ್ಬಿಯಲ್ಲಿ ರೋಗಿಗೆ. ಹೊಸ ರೋಗಿಗಳಿಗೆ 1992ರಲ್ಲಿ ಬಾಗಿಲು ಮುಚ್ಚಿದರೂ ಹಳಬರಿಗೆ ಡಬ್ಬಿ ಬರುತ್ತಲೇ ಇತ್ತು. ವೈದ್ಯಕೀಯ ಉಪಯೋಗವೇ ಇಲ್ಲ ಎಂದು ಕಾನೂನು ಬರೆದ ಸರ್ಕಾರವೇ ಇದನ್ನು ಹಂಚಿತು ಎಂಬುದನ್ನು ನೆನಪಿಡಿ. ಅಂದಿನಿಂದ ಗ್ಲಾಕೋಮಾ ಪಟ್ಟಿಯಿಂದ ಪಟ್ಟಿಗೆ ಹರಿದುಬಂತು. ಅಮೆರಿಕದ ನೇತ್ರತಜ್ಞರ ಅಕಾಡೆಮಿ ಮಾತ್ರ ಗ್ಲಾಕೋಮಾಕ್ಕೆ ಗಾಂಜಾ ಬೇಡ ಎಂದೇ ಹೇಳುತ್ತದೆ. ಒತ್ತಡ ಇಳಿಯುವುದು ಮೂರು ನಾಲ್ಕು ಗಂಟೆ ಅಷ್ಟೆ, ದಿನವಿಡೀ ಇಳಿಸಿಡಬೇಕಾದರೆ ದಿನವಿಡೀ ಅಮಲಿನಲ್ಲಿರಬೇಕು. ಅದಕ್ಕಿಂತ ಒಳ್ಳೆಯ ಕಣ್ಣಿನ ಹನಿಗಳಿವೆ.

ಹಾಗೆಂದು ಎಲ್ಲವೂ ಬುರುಡೆಯಲ್ಲ. ಅಮೆರಿಕದ ರಾಷ್ಟ್ರೀಯ ಅಕಾಡೆಮಿಗಳ 2017ರ ವರದಿ ವಯಸ್ಕರ ದೀರ್ಘಕಾಲದ ನೋವು, ಕೀಮೋಥೆರಪಿಯ ವಾಕರಿಕೆ, ಮಲ್ಟಿಪಲ್ ಸ್ಕ್ಲೆರೋಸಿಸ್ ರೋಗಿಗಳು ಹೇಳಿಕೊಳ್ಳುವ ಸ್ನಾಯು ಬಿಗಿತ, ಈ ಮೂರಕ್ಕೆ ಗಟ್ಟಿ ಪುರಾವೆ ಇದೆ ಎಂದಿತು. ಉಳಿದ ಬಹಳಷ್ಟಕ್ಕೆ ಪುರಾವೆ ತೆಳು, ಇಲ್ಲವೇ ಸಾಲದು.

ಪಟ್ಟಿಯ ಇನ್ನೊಂದು ಮುಖ ಕಾಣಬೇಕಾದರೆ ಮಕ್ಕಳ ಕಡೆ ನೋಡಬೇಕು. ಕೊಲರಾಡೊದ ಷಾರ್ಲೆಟ್ ಫಿಗಿಗೆ ಡ್ರವೆ ಸಿಂಡ್ರೋಮ್ ಎಂಬ ತೀವ್ರ ಮೂರ್ಛೆರೋಗ. ವಾರಕ್ಕೆ ಸುಮಾರು 300 ಫಿಟ್ಸ್. ಯಾವ ಔಷಧಕ್ಕೂ ಬಗ್ಗದ ಕಾಯಿಲೆಗೆ ಅಮಲೇರಿಸದ ಸಿಬಿಡಿ ಅಂಶ ಹೆಚ್ಚಿರುವ ತಳಿಯ ಎಣ್ಣೆ ಕೊಟ್ಟಾಗ ಫಿಟ್ಸ್ ತೀರಾ ಇಳಿದವು. ಆ ಸಣ್ಣ ಮಗುವಿಗೆ ಕಾರ್ಡು ಮಾಡಿಸಲು ಇಬ್ಬರು ಡಾಕ್ಟರರ ಸಹಿ ಹೊಂದಿಸುವುದೇ ತಾಯಿಗೆ ದೊಡ್ಡ ಹೋರಾಟವಾಗಿತ್ತು. ಡಾ. ಸಂಜಯ್ ಗುಪ್ತಾ 2013ರ ಆಗಸ್ಟ್‌ನಲ್ಲಿ ಸಿಎನ್‌ಎನ್‌ನಲ್ಲಿ ಅವಳ ಕಥೆ ತೋರಿಸಿದ ಮೇಲೆ, ಫಿಟ್ಸ್ ಮಕ್ಕಳ ಅಪ್ಪ ಅಮ್ಮಂದಿರು ಕೆಲಸ ಬಿಟ್ಟು, ಮನೆ ಖಾಲಿ ಮಾಡಿ ಕೊಲರಾಡೊಗೆ ಗಂಟುಮೂಟೆ ಕಟ್ಟಿದರು. ಎಣ್ಣೆಯನ್ನು ತಮ್ಮ ರಾಜ್ಯಕ್ಕೆ ತರುವಂತಿರಲಿಲ್ಲ, ಆದ್ದರಿಂದ ಮಗುವನ್ನೇ ಎಣ್ಣೆ ಇರುವಲ್ಲಿಗೆ ಒಯ್ದರು. ಅಂಥದೇ ಸಿಬಿಡಿಯಿಂದ ತಯಾರಾದ ಎಪಿಡಿಯೊಲೆಕ್ಸ್ 2018ರ ಜೂನ್‌ನಲ್ಲಿ ಕೇಂದ್ರದ ಒಪ್ಪಿಗೆ ಪಡೆದು ನಿಜವಾದ ಚೀಟಿಯ ಮೇಲೆ, ನಿಜವಾದ ಔಷಧದಂಗಡಿಯಲ್ಲಿ ಸಿಗತೊಡಗಿತು. ಷಾರ್ಲೆಟ್ 2020ರಲ್ಲಿ, ಹದಿಮೂರನೆಯ ವಯಸ್ಸಿನಲ್ಲಿ ತೀರಿಕೊಂಡಳು.

ದಕ್ಷಿಣದ ಸಂಪ್ರದಾಯಸ್ಥ ರಾಜ್ಯಗಳೂ ಈ ಮಕ್ಕಳ ಮುಖ ನೋಡಿ ಕರಗಿದವು, ಆದರೆ ಅರ್ಧ ಮನಸ್ಸಿನಿಂದ. ಜಾರ್ಜಿಯಾದ್ದು ಇವುಗಳಲ್ಲೆಲ್ಲ ವಿಚಿತ್ರ. ನೋಂದಾಯಿತ ರೋಗಿ 20 ಔನ್ಸ್‌ವರೆಗೆ ಕಡಿಮೆ ಅಮಲಿನ ಎಣ್ಣೆ ಇಟ್ಟುಕೊಳ್ಳಬಹುದು ಎಂದು ಅಲ್ಲಿ 2015ರಲ್ಲಿ ಕಾನೂನಾಯಿತು. ಎಲ್ಲಿ ಕೊಳ್ಳಬೇಕು? ರಾಜ್ಯದಲ್ಲಿ ಒಂದೂ ಅಂಗಡಿ ಇರಲಿಲ್ಲ. ಹೊರ ರಾಜ್ಯದಿಂದ ತಂದರೆ ಕೇಂದ್ರದ ಕಾನೂನಿನ ಪ್ರಕಾರ ಸಾಗಣೆಯ ಅಪರಾಧ. ಮೊದಲ ಅಂಗಡಿ ತೆರೆದದ್ದು 2023ರ ಏಪ್ರಿಲ್‌ನಲ್ಲಿ. ನಡುವಿನ ಎಂಟು ವರ್ಷ ಮಕ್ಕಳ ತಾಯಂದಿರು ಏನು ಮಾಡಿದರು ಎಂದು ಕಾನೂನು ಕೇಳಲಿಲ್ಲ, ಅವರೂ ಹೇಳಿಕೊಂಡು ತಿರುಗಲಿಲ್ಲ.

ಇದಕ್ಕೆ ತದ್ವಿರುದ್ಧ ಒಕ್ಲಹೋಮ. ರಾಜಕೀಯವಾಗಿ ಜಾರ್ಜಿಯಾಗಿಂತಲೂ ಸಂಪ್ರದಾಯಸ್ಥ. ಅಲ್ಲಿನ ಮತದಾರರು 2018ರ ಜೂನ್‌ನಲ್ಲಿ ಒಪ್ಪಿದ ಕಾನೂನಿನಲ್ಲಿ ಕಾಯಿಲೆಗಳ ಪಟ್ಟಿಯೇ ಇಲ್ಲ. ಡಾಕ್ಟರು ಸಹಿ ಹಾಕಿದರೆ ಸಾಕು, 100 ಡಾಲರಿಗೆ ಎರಡು ವರ್ಷದ ಲೈಸೆನ್ಸ್, ಬಡವರಿಗೆ 20 ಡಾಲರ್. ಮನೆಯಲ್ಲಿ ಬಲಿತ ಆರು ಗಿಡ, ಆರು ಸಸಿ ಇಟ್ಟುಕೊಳ್ಳಬಹುದು. ಕೆಲವೇ ವರ್ಷದಲ್ಲಿ ರಾಜ್ಯದ ಸುಮಾರು ಹತ್ತನೆಯ ಒಂದರಷ್ಟು ಜನ ‘ರೋಗಿ’ಗಳಾದರು, ಎರಡು ಸಾವಿರಕ್ಕೂ ಹೆಚ್ಚು ಅಂಗಡಿ ಎದ್ದವು, ಕೊನೆಗೆ 2022ರಲ್ಲಿ ಹೊಸ ಅಂಗಡಿಗಳ ಲೈಸೆನ್ಸ್ ನಿಲ್ಲಿಸಬೇಕಾಯಿತು. ಮರುವರ್ಷ, ಕಾಯಿಲೆಯ ನೆಪವಿಲ್ಲದೆಯೂ ವಯಸ್ಕರು ಕೊಳ್ಳಬಹುದೇ ಎಂದು ಕೇಳಿದಾಗ ಅದೇ ಮತದಾರರು ಬೇಡ ಎಂದರು. ಬೇಕಾದವರ ಕೈಯಲ್ಲಿ ಆಗಲೇ ಕಾರ್ಡು ಇತ್ತಲ್ಲ ಎಂದು ಕೆಲವರು ತಮಾಷೆ ಮಾಡಿದರೆ ತಪ್ಪೇನೂ ಇಲ್ಲ.

ನ್ಯೂಯಾರ್ಕ್ ಕೂಡ ಈಗ ಪಟ್ಟಿಯನ್ನು ಬಿಟ್ಟಿದೆ. 2022ರಿಂದ ಅಲ್ಲಿ ದಂತವೈದ್ಯರೂ ಶಿಫಾರಸು ಮಾಡಬಹುದು. ನನಗೆ ಕೇಳಿದರೆ ಇದೇ ಸರಿ: ಕಾಯಿಲೆಯನ್ನು ತೂಗಿ ನೋಡುವುದು ರೋಗಿಯನ್ನು ಬಲ್ಲ ಡಾಕ್ಟರ ಕೆಲಸ. ಆದರೆ ಫೋನಿನಲ್ಲಿ ಐದು ನಿಮಿಷ ಮಾತಾಡಿ ಸಹಿ ಹಾಕುವ ಡಾಕ್ಟರು ರೋಗಿಯನ್ನು ಬಲ್ಲವರಲ್ಲ, ಗಿರಾಕಿಯನ್ನು ಬಲ್ಲವರು. ಪಟ್ಟಿ ಕಿತ್ತೆಸೆದ ರಾಜ್ಯಗಳು ಇಂಥವರ ಮೇಲೆ ಕಣ್ಣಿಡದಿದ್ದರೆ ಒಕ್ಲಹೋಮದ ಕಥೆಯೇ ಮತ್ತೆ ಆಗುತ್ತದೆ.

ಕಾರ್ಡು ಸಿಕ್ಕಿದ ಮೇಲೆ

ಕಾರ್ಡು ಕೈಗೆ ಬಂದರೆ ಎಲ್ಲೆಂದರಲ್ಲಿ ಬಳಸಬಹುದು ಎಂದಲ್ಲ. ಫ್ಲಾರಿಡಾದಲ್ಲಿ ಶೇ 71ರಷ್ಟು ಜನ 2016ರಲ್ಲಿ ಒಪ್ಪಿ ಮತ ಹಾಕಿದ ಮೇಲೂ ಶಾಸಕರು ಸೇದುವುದನ್ನು ಮಾತ್ರ ನಿಷೇಧಿಸಿದ್ದರು. ಜಾನ್ ಮಾರ್ಗನ್ ಎಂಬ ವಕೀಲರು ಮೊಕದ್ದಮೆ ಹೂಡಿ ಗೆದ್ದರು, 2019ರಲ್ಲಿ ನಿಷೇಧ ಹೋಯಿತು. ಪೆನ್ಸಿಲ್ವೇನಿಯಾದಲ್ಲಿ ಹೂವನ್ನು ಕೊಳ್ಳಬಹುದು, ಉಪಕರಣದಲ್ಲಿ ಬಿಸಿಮಾಡಿ ಆವಿ ಎಳೆಯಬಹುದು, ಬೆಂಕಿ ಹಚ್ಚಿ ಸೇದುವಂತಿಲ್ಲ. ಸಾರ್ವಜನಿಕ ಸ್ಥಳದಲ್ಲಿ, ಓಡುವ ಕಾರಿನಲ್ಲಿ ಬಳಸಲು ಹೆಚ್ಚಿನ ರಾಜ್ಯಗಳಲ್ಲಿ ಒಪ್ಪಿಗೆಯಿಲ್ಲ. ಯೊಸೆಮಿಟಿಯಂಥ ರಾಷ್ಟ್ರೀಯ ಉದ್ಯಾನ ಕ್ಯಾಲಿಫೋರ್ನಿಯಾದ ನಡುವೆಯೇ ಇದ್ದರೂ ನೆಲ ಕೇಂದ್ರದ್ದು, ಅಲ್ಲಿ ರಾಜ್ಯದ ಕಾರ್ಡು ನಡೆಯುವುದಿಲ್ಲ. ಕೇಂದ್ರದ ನೆರವಿನ ಬಾಡಿಗೆ ಮನೆಗಳಲ್ಲೂ ಇದೇ ಪಾಡು.

ಚಾಲಕರಿಗೆ ಪೆನ್ಸಿಲ್ವೇನಿಯಾದ ನಿಯಮ ಕೊಟ್ಟ ಪೆಟ್ಟು ಜೋರಾದ್ದು. ಮೊದಲನೆಯ ಪಟ್ಟಿಯ ವಸ್ತು ರಕ್ತದಲ್ಲಿ ಎಷ್ಟೇ ಕಂಡರೂ ಅಪರಾಧ ಎಂದು ಅಲ್ಲಿನ ವಾಹನ ಕಾನೂನು ಬರೆದಿತ್ತು. ಗಾಂಜಾದ ಅಂಶ ಅಮಲಿಳಿದ ಎಷ್ಟೋ ದಿನದ ಮೇಲೂ ರಕ್ತದಲ್ಲಿ ಉಳಿಯುತ್ತದೆ. ರಾಜ್ಯವೇ ಕಾರ್ಡು ಕೊಟ್ಟ ರೋಗಿ ಸೋಮವಾರ ಮದ್ದು ತೆಗೆದುಕೊಂಡು ಗುರುವಾರ ಕಾರು ಓಡಿಸಿದರೂ ಅದೇ ರಾಜ್ಯದ ಪೊಲೀಸರಿಗೆ ಸಿಕ್ಕಿಬೀಳಬಹುದು.

ಕೆಲಸದ ಜಾಗದಲ್ಲೂ ಒಂದು ರೀತಿಯಿಲ್ಲ. ಅಪಘಾತದಲ್ಲಿ ಕೈಕಾಲು ಸ್ವಾಧೀನ ಕಳೆದುಕೊಂಡು ಗಾಲಿಕುರ್ಚಿ ಹಿಡಿದ ಕೊಲರಾಡೊದ ಬ್ರಾಂಡನ್ ಕೋಟ್ಸ್ ಡಿಶ್ ನೆಟ್‌ವರ್ಕ್ ಕಂಪನಿಯಲ್ಲಿ ಗ್ರಾಹಕರ ಫೋನ್ ತೆಗೆದುಕೊಳ್ಳುತ್ತಿದ್ದರು. ಮನೆಯಲ್ಲಿ ಬಳಸಿದ ಗಾಂಜಾ ಕಂಪನಿಯ ಪರೀಕ್ಷೆಯಲ್ಲಿ ಕಂಡು ಕೆಲಸ ಹೋಯಿತು. ರಾಜ್ಯದ ಸುಪ್ರೀಂ ಕೋರ್ಟ್ 2015ರಲ್ಲಿ ಕಂಪನಿಯ ಪರ ನಿಂತಿತು, ಕಾನೂನುಬದ್ಧ ಎಂದರೆ ರಾಜ್ಯಕ್ಕೂ ಕೇಂದ್ರಕ್ಕೂ ಒಪ್ಪಿಗೆಯಾಗಿರಬೇಕು ಎಂದು. ನ್ಯೂಯಾರ್ಕ್, ಪೆನ್ಸಿಲ್ವೇನಿಯಾ, ಅರಿಜೋನಾ ಕಾನೂನುಗಳು ಕಾರ್ಡುದಾರರ ಕೆಲಸಕ್ಕೆ ಒಂದಿಷ್ಟು ರಕ್ಷಣೆ ಕೊಡುತ್ತವೆ. ಕ್ಯಾಲಿಫೋರ್ನಿಯಾ 2024ರಿಂದ, ಕೆಲಸದ ಹೊತ್ತಿನಾಚೆ ಬಳಸಿದ್ದಕ್ಕೆ ಬಹುತೇಕ ನೌಕರರನ್ನು ಶಿಕ್ಷಿಸುವಂತಿಲ್ಲ ಎಂದಿದೆ.

ನಮ್ಮವರ ಪಾಸ್‌ಪೋರ್ಟ್, ಅವರ ಕಾರ್ಡು

ಇಲ್ಲಿಯತನಕ ಹೇಳಿದ್ದು ಅಮೆರಿಕದ ನಾಗರಿಕರ ಪಾಡು. ಸನ್ನಿವೇಲ್, ಫ್ರೀಮಾಂಟ್, ಎಡಿಸನ್, ಡಲ್ಲಾಸ್‌ಗಳಲ್ಲಿ ಎಚ್-1ಬಿ ವೀಸಾದ ಮೇಲೋ ಗ್ರೀನ್ ಕಾರ್ಡಿನ ಸರದಿಯಲ್ಲೋ ಇರುವ ನಮ್ಮ ಹುಡುಗರಿಗೆ ನಿಯಮ ಬೇರೆ. ವಲಸೆ ಕಾನೂನು ಪೂರ್ತಿ ಕೇಂದ್ರದ್ದು, ಅದರ ಕಣ್ಣಿಗೆ ರಾಜ್ಯದ ಗಾಂಜಾ ಕಾರ್ಡು ಕಾಣುವುದಿಲ್ಲ. ಕಂಡರೂ ಒಳ್ಳೆಯದಕ್ಕಲ್ಲ.

ಅಪರಾಧ ಸಾಬೀತಾಗಲೇಬೇಕೆಂದೂ ಇಲ್ಲ. ವಿಮಾನ ನಿಲ್ದಾಣದಲ್ಲಿ ವಲಸೆ ಅಧಿಕಾರಿ ಕೇಳಿದಾಗ, ಬೆನ್ನುನೋವಿಗೆ ಗಾಂಜಾ ಬಳಸಿದ್ದೆ, ಕ್ಯಾಲಿಫೋರ್ನಿಯಾದಲ್ಲಿ ಅದು ಕಾನೂನುಬದ್ಧ ತಾನೆ ಎಂದು ನಿಯತ್ತಾಗಿ ಹೇಳಿದರೆ, ಆ ಒಪ್ಪಿಗೆಯೇ ಪ್ರವೇಶ ನಿರಾಕರಿಸಲು ಆಧಾರವಾಗಬಹುದು. ಸುಳ್ಳು ಹೇಳಿದರೆ ಇನ್ನೂ ಕೆಟ್ಟದ್ದು, ವಂಚನೆಯ ಆರೋಪ ಜೀವನಪರ್ಯಂತ ಬೆನ್ನು ಬಿಡುವುದಿಲ್ಲ. ಗ್ರೀನ್ ಕಾರ್ಡು ಸಿಕ್ಕವರೂ ಪೂರ್ತಿ ಪಾರಲ್ಲ. ರಾಜ್ಯದ ಕಾನೂನು ಒಪ್ಪಿದ ಗಾಂಜಾ ಚಟುವಟಿಕೆಯೂ ಪೌರತ್ವದ ಅರ್ಜಿಯಲ್ಲಿ ಸಚ್ಚಾರಿತ್ರ್ಯಕ್ಕೆ ಕುಂದು ಎಂದು ಅಮೆರಿಕದ ವಲಸೆ ಇಲಾಖೆ 2019ರ ಏಪ್ರಿಲ್‌ನಲ್ಲಿ ಸ್ಪಷ್ಟವಾಗಿ ಬರೆಯಿತು. ಬಳಸುವುದಷ್ಟೇ ಅಲ್ಲ, ಆ ಉದ್ಯಮದಲ್ಲಿ ದುಡಿಯುವುದೂ ಅದರಲ್ಲಿ ಸೇರಿದೆ. ಡಿಸ್ಪೆನ್ಸರಿಗಳಿಗೆ ಸಾಫ್ಟ್‌ವೇರ್ ಬರೆಯುವ ಕಂಪನಿಯಿಂದ ಒಳ್ಳೆಯ ಸಂಬಳದ ಆಫರ್ ಬಂದ ಎಂಜಿನಿಯರ್ ಎರಡು ಸಲ ಯೋಚಿಸಬೇಕು.

ಮಕ್ಕಳ ಮನೆಗೆ ಆರು ತಿಂಗಳ ವೀಸಾದಲ್ಲಿ ಹೋಗುವ ಅಪ್ಪ ಅಮ್ಮಂದಿರಿಗೂ ಈ ಮಾತು ಅನ್ವಯ. ಮಂಡಿನೋವಿನ ಅಮ್ಮನಿಗೆ ಮಗ ಪ್ರೀತಿಯಿಂದ ತಂದುಕೊಟ್ಟ ಗಮ್ಮಿ ಡಬ್ಬಿ ವಾಪಸು ಬರುವಾಗ ಸೂಟ್‌ಕೇಸಿನಲ್ಲಿ ಉಳಿದುಬಿಟ್ಟರೆ, ಅಲ್ಲಿ ವಿಮಾನ ಹತ್ತುವಾಗ ಕೇಂದ್ರದ ಕಾನೂನು, ಇಲ್ಲಿ ಕೆಂಪೇಗೌಡ ನಿಲ್ದಾಣದಲ್ಲಿ ಇಳಿದಾಗ ನಮ್ಮ 1985ರ ಎನ್‌ಡಿಪಿಎಸ್ ಕಾಯ್ದೆ. ಭಂಗಿ ಸೊಪ್ಪು ಗಾಂಜಾದ ವ್ಯಾಖ್ಯೆಯಲ್ಲಿ ಬರುವುದಿಲ್ಲ ಎಂದು ಕರ್ನಾಟಕ ಹೈಕೋರ್ಟ್ 2022ರಲ್ಲಿ ಹೇಳಿದ್ದುಂಟು. ಆದರೆ ಆ ಮಾತು ಎಲೆಗೆ ಮಾತ್ರ. ಹೂವು, ಚರಸ್, ಗಿಡದಿಂದ ಹಿಂಡಿದ ಅಮಲಿನ ಅಂಶ ಬೆರೆಸಿದ ಮಿಠಾಯಿಗೆ ಅಲ್ಲ.

ಪಟ್ಟಿ ಬದಲಾಗುತ್ತದಂತೆ ಎಂದು ಕಾಯುವವರಿಗೂ ಒಂದು ಮಾತು. ಗಾಂಜಾವನ್ನು ಮೂರನೆಯ ಪಟ್ಟಿಗೆ ಇಳಿಸುವ ಪ್ರಸ್ತಾವವನ್ನು ನ್ಯಾಯ ಇಲಾಖೆ 2024ರ ಮೇ ತಿಂಗಳಲ್ಲಿ ಮುಂದಿಟ್ಟಿತು, 2025ರ ಡಿಸೆಂಬರ್‌ನಲ್ಲಿ ಅಧ್ಯಕ್ಷ ಟ್ರಂಪ್ ಅದನ್ನು ಬೇಗ ಮುಗಿಸಿ ಎಂದು ಆದೇಶಕ್ಕೆ ಸಹಿ ಹಾಕಿದರು. ಮೂರನೆಯ ಪಟ್ಟಿಗೆ ಇಳಿದರೂ ಅದು ನಿಯಂತ್ರಿತ ವಸ್ತುವೇ. ವಲಸೆ ಕಾನೂನು ನೋಡುವುದು ಪಟ್ಟಿಯಲ್ಲಿ ಇದೆಯೇ ಎಂದು, ಎಷ್ಟನೆಯ ಪಟ್ಟಿ ಎಂದಲ್ಲ.

ಆದ್ದರಿಂದ ಅಮೆರಿಕದಲ್ಲಿ ಮಕ್ಕಳಿರುವ ಓದುಗರು ಇಷ್ಟನ್ನು ಅವರಿಗೆ ತಿಳಿಸಿ. ನೋವು ನಿಜವೇ ಇರಬಹುದು, ಡಾಕ್ಟರು ಒಳ್ಳೆಯವರೇ ಇರಬಹುದು, ರಾಜ್ಯ ಕಾರ್ಡು ಕೊಡಲು ತಯಾರಿರಬಹುದು. ಆದರೂ ನಾಗರಿಕತ್ವ ಕೈಗೆ ಬರುವವರೆಗೆ ಕಾರ್ಡಿನ ಅರ್ಜಿ ತುಂಬುವ ಮುನ್ನ ವಲಸೆ ವಕೀಲರೊಬ್ಬರ ಎದುರು ಕೂತು ಕೇಳಿಕೊಳ್ಳಲಿ, ಡಿಸ್ಪೆನ್ಸರಿಯ ಮಾತು ಆಮೇಲೆ.